ಮದುವೆ ಲೆಹೆಂಗಾದ ಮಾರ್ಪಾಡು

ಮದುವೆ ಲೆಹೆಂಗಾದ ಮಾರ್ಪಾಡು ಎಂದರೆ ದಟ್ಟವಾದ ಕಸೂತಿಯಿಂದ ಭಾರವಾಗಿರುವ ವಧುವಿನ ಲೆಹೆಂಗಾ, ಚೋಲಿ ಮತ್ತು ದುಪಟ್ಟಾಗಳನ್ನು ತೊಡುವವರಿಗೆ ಆಧಾರವೂ ಆರಾಮವೂ ದೊರೆಯುವಂತೆ ತಿದ್ದಿ ಹೊಲಿಯುವ ಕೆಲಸ. ಉತ್ತರ ಮತ್ತು ಪಶ್ಚಿಮ ಭಾರತದ ಮದುವೆಗಳಲ್ಲಿ ರೂಢಿಯಲ್ಲಿರುವ ಈ ಉಡುಪು ಇಂದು ಕರ್ನಾಟಕದಲ್ಲಿಯೂ, ಮುಖ್ಯವಾಗಿ ಆರತಕ್ಷತೆ ಮತ್ತು ಮೆಹೆಂದಿ ಸಮಾರಂಭಗಳಲ್ಲಿ, ಬಳಕೆಯಲ್ಲಿದೆ. ಸಿದ್ಧವಾದ ಉಡುಪಿನ ತೂಕವನ್ನು ಹೊಲಿಗೆಯಿಂದ ಬಹಳವಾಗಿ ತಗ್ಗಿಸಲು ಸಾಧ್ಯವಿಲ್ಲ. ಆದರೆ ಆ ತೂಕವು ದೇಹದ ಯಾವ ಭಾಗದ ಮೇಲೆ, ಎಷ್ಟು ಅಗಲದಲ್ಲಿ ಬೀಳಬೇಕು ಎಂಬುದನ್ನು ಬದಲಾಯಿಸಬಹುದು. ಮಾರ್ಪಾಡಿನ ಹೆಚ್ಚಿನ ವಿಧಾನಗಳು ಈ ತತ್ವವನ್ನು ಆಧರಿಸಿವೆ.

ಭಾರಕ್ಕೆ ಕಾರಣಗಳು

ಮದುವೆ ಲೆಹೆಂಗಾ ಹಲವು ಪದರಗಳ ಉಡುಪು. ರೇಷ್ಮೆ, ಮಖಮಲ್ ಅಥವಾ ನೆಟ್ ಬಟ್ಟೆಯ ಹೊರಪದರ, ಅದರೊಳಗೆ ಅಸ್ತರು, ಘೇರು ಉಬ್ಬಿ ನಿಲ್ಲುವಂತೆ ಮಾಡುವ ಕ್ಯಾನ್‌ಕ್ಯಾನ್ ಎಂಬ ಗಡುಸಾದ ನೆಟ್ ಪದರ ಇವು ಅದರ ಮುಖ್ಯ ಭಾಗಗಳು. ಮೇಲ್ಭಾಗದಲ್ಲಿ ಕಿರಿದಾಗಿ, ಕೆಳಗೆ ಅಗಲವಾಗುವ ಪಟ್ಟಿಗಳನ್ನು ಜೋಡಿಸಿ ಹೊಲಿಯುವುದರಿಂದ ಅಂಚಿನ ಸುತ್ತಳತೆ ಹಲವು ಮೀಟರ್‌ಗಳಷ್ಟಾಗುತ್ತದೆ.

ಇದರ ಮೇಲೆ ಕಸೂತಿಯ ಭಾರ ಸೇರುತ್ತದೆ. ಲೋಹದ ತಂತಿ, ಸುರುಳಿ, ಮಣಿ ಮತ್ತು ಚಮಕಿಗಳನ್ನು ಬಟ್ಟೆಗೆ ಹೊಲಿದು ಕೂರಿಸುವ ಜರ್ದೋಸಿ ಕೆಲಸ ಇವುಗಳಲ್ಲಿ ಪ್ರಮುಖವಾದುದು. ಮೊಘಲರ ಕಾಲದಲ್ಲಿ ಪ್ರವರ್ಧಮಾನಕ್ಕೆ ಬಂದ ಈ ಕಲೆಗೆ ಲಕ್ನೋ ಹೆಸರುವಾಸಿಯಾಗಿದ್ದು, ಲಕ್ನೋ ಜರ್ದೋಸಿಗೆ 2013ರಲ್ಲಿ ಭೌಗೋಳಿಕ ಸೂಚಕದ ಮಾನ್ಯತೆ ದೊರೆತಿದೆ. ದಟ್ಟ ಕಸೂತಿಯ ಉಡುಪು 5ರಿಂದ 10 ಕಿಲೋಗ್ರಾಂ ತೂಗುವುದು ಸಾಮಾನ್ಯ. ಕೆಲವು ಇದಕ್ಕಿಂತಲೂ ಹೆಚ್ಚು ಭಾರವಿರುತ್ತವೆ. ಅಂಚಿನ ಬಳಿ ಕಸೂತಿ ಅತ್ಯಂತ ದಟ್ಟವಾಗಿರುವುದರಿಂದ ನಡೆಯುವಾಗ ಭಾರವು ತೂಗಾಡಿ ನಡುವನ್ನು ಕೆಳಕ್ಕೆ ಎಳೆಯುತ್ತದೆ.

ಭಾರ ಹೊರುವ ಬಗೆ

ಲೆಹೆಂಗಾವನ್ನು ಸಾಮಾನ್ಯವಾಗಿ ನಡುವಿನಲ್ಲಿ ಲಾಡಿ ಕಟ್ಟಿ ಉಡಲಾಗುತ್ತದೆ. ಕೇವಲ ಲಾಡಿಯ ಬಿಗಿತದಿಂದ ಭಾರವಾದ ಉಡುಪನ್ನು ಜಾರದಂತೆ ನಿಲ್ಲಿಸಬೇಕಾದರೆ ಅದನ್ನು ಬಹಳ ಬಿಗಿಯಾಗಿ ಕಟ್ಟಬೇಕು. ಆಗ ಚರ್ಮದ ಮೇಲೆ ಗುರುತು ಮೂಡುತ್ತದೆ, ಊಟ ಮಾಡಲು ಮತ್ತು ಕೆಳಗೆ ಕೂರಲು ಕಷ್ಟವಾಗುತ್ತದೆ. ಬಿಗಿತ ಒಂದೇ ಆಗಿದ್ದರೆ ಒತ್ತಡವು ಪಟ್ಟಿಯ ಅಗಲಕ್ಕೆ ವಿಲೋಮವಾಗಿರುತ್ತದೆ: 1 ಸೆಂಟಿಮೀಟರ್ ಅಗಲದ ಲಾಡಿಯ ಬದಲು 5 ಸೆಂಟಿಮೀಟರ್ ಅಗಲದ ಪಟ್ಟಿ ಬಳಸಿದರೆ ಚರ್ಮದ ಮೇಲಿನ ಒತ್ತಡ ಐದನೆಯ ಒಂದು ಭಾಗಕ್ಕೆ ಇಳಿಯುತ್ತದೆ. ನಡುವಿನ ಕೆಳಗೆ ದೇಹ ಅಗಲವಾಗುವುದರಿಂದ, ಆ ಆಕಾರಕ್ಕೆ ಸರಿಯಾಗಿ ಕತ್ತರಿಸಿದ ಬಟ್ಟೆಯು ಕಟಿಭಾಗದ ಮೇಲೆಯೇ ಕುಳಿತು, ಹೆಚ್ಚು ಬಿಗಿತವಿಲ್ಲದೆ ಭಾರವನ್ನು ಹೊರಬಲ್ಲದು.

ಮಾರ್ಪಾಡಿನ ವಿಧಾನಗಳು

ನಡುಪಟ್ಟಿ: ಲಾಡಿ ತೂರಿಸುವ ಕಿರಿದಾದ ಮಡಿಕೆಯನ್ನು ಬಿಚ್ಚಿ, ಒಳಗೆ ಕ್ಯಾನ್‌ವಾಸ್ ಇಟ್ಟ 4ರಿಂದ 6 ಸೆಂಟಿಮೀಟರ್ ಅಗಲದ ಪಟ್ಟಿಯನ್ನು ಹೊಲಿಯಲಾಗುತ್ತದೆ. ಎರಡು ಸಾಲು ಹುಕ್ಕುಗಳಿದ್ದರೆ ಊಟದ ನಂತರ ಸಡಿಲಿಸಿಕೊಳ್ಳಬಹುದು. ಭಾರವನ್ನು ಹುಕ್ಕುಗಳು ಹೊರಬೇಕು. ಜಿಪ್ಪಿನ ಮೇಲೆ ಎಳೆತ ಬಿದ್ದರೆ ಅದು ಸಮಾರಂಭದ ನಡುವೆಯೇ ಕಿತ್ತುಹೋಗಬಹುದು.

ಯೋಕ್: ನಡುವಿನಿಂದ 10ರಿಂದ 15 ಸೆಂಟಿಮೀಟರ್ ಕೆಳಗಿನವರೆಗೆ ಮೈಗೆ ಹೊಂದುವ ಗಟ್ಟಿ ಹತ್ತಿಬಟ್ಟೆಯ ಒಳಭಾಗವನ್ನು ಸೇರಿಸಿ, ಹೊರಪದರ ಮತ್ತು ಅಸ್ತರು ಎರಡನ್ನೂ ಅದಕ್ಕೆ ಭದ್ರಪಡಿಸಲಾಗುತ್ತದೆ. ಹೆಚ್ಚು ಭಾರದ ಉಡುಪಿಗೆ ಇದು ಅತ್ಯಂತ ಉಪಯುಕ್ತ.

ಒಳ ಬಾಡಿ: ದಕ್ಷಿಣ ಭಾರತದಲ್ಲಿ ಚಿಕ್ಕ ಹುಡುಗಿಯರ ಲಂಗ ಜಾರದಂತೆ ಅದಕ್ಕೆ ತೋಳಿಲ್ಲದ ಬಾಡಿಯನ್ನು ಸೇರಿಸಿ ಹೊಲಿಯುವ ರೂಢಿಯಿದೆ. ಇದೇ ಉಪಾಯವನ್ನು ಲೆಹೆಂಗಾಕ್ಕೂ ಅನ್ವಯಿಸಿದರೆ ಭಾರದ ಒಂದು ಪಾಲು ಭುಜಗಳಿಗೆ ಹಂಚಿಕೆಯಾಗುತ್ತದೆ. ನಡು ಕಾಣುವಂತಹ ಗಿಡ್ಡ ಚೋಲಿಗೆ ಇದು ಹೊಂದುವುದಿಲ್ಲ. ಉದ್ದನೆಯ ಚೋಲಿಯ ಒಳಗೆ ಮರೆಯಾಗುತ್ತದೆ.

ಕ್ಯಾನ್‌ಕ್ಯಾನ್: ಇದನ್ನು ಲೆಹೆಂಗಾದಿಂದ ಬಿಚ್ಚಿ, ಸ್ವಂತ ನಡುಪಟ್ಟಿಯುಳ್ಳ ಪ್ರತ್ಯೇಕ ಒಳಲಂಗವಾಗಿ ಹೊಲಿದರೆ ಛಾಯಾಚಿತ್ರಗಳ ನಂತರ ತೆಗೆದಿಡಬಹುದು. ನೆಟ್ ಕಾಲಿಗೆ ತಗುಲಿ ಉರಿಯಾಗದಂತೆ ಒಳಬದಿಗೆ ತೆಳುವಾದ ಹತ್ತಿಬಟ್ಟೆ ಕೊಡಲಾಗುತ್ತದೆ.

ಉದ್ದ: ಸಮಾರಂಭಕ್ಕೆ ಧರಿಸುವ ಪಾದರಕ್ಷೆಯನ್ನೇ ತೊಟ್ಟು ಅಳತೆ ತೆಗೆಯಬೇಕು. ಮುಂಭಾಗದ ಅಂಚು ನೆಲಕ್ಕಿಂತ 1ರಿಂದ 2 ಸೆಂಟಿಮೀಟರ್ ಮೇಲಿದ್ದರೆ ಎಡವುವ ಸಂಭವ ಕಡಿಮೆ. ಅಂಚಿನಲ್ಲಿ ಕಸೂತಿ ಇರುವುದರಿಂದ ಉದ್ದವನ್ನು ಕೆಳಗಿನಿಂದ ಕತ್ತರಿಸದೆ ನಡುವಿನ ಕಡೆಯಿಂದ ತಗ್ಗಿಸುವುದು ವಾಡಿಕೆ.

ಚೋಲಿ: ಬಗಲಿನ ಹೊಲಿಗೆಯಲ್ಲಿ ಉಳಿಸಿರುವ ಬಟ್ಟೆಯನ್ನು ಬಿಚ್ಚಿ ಎದೆಸುತ್ತಳತೆಯನ್ನು ಹೆಚ್ಚಿಸಬಹುದು. ಕಂಕುಳ ಬಳಿ ಸಣ್ಣ ಚೌಕಾಕಾರದ ತುಂಡು ಸೇರಿಸಿದರೆ ಹಾರ ಹಾಕಲು ಕೈ ಎತ್ತಿದಾಗ ಚೋಲಿ ಮೇಲೇರುವುದಿಲ್ಲ. ಆಧಾರಕ್ಕಾಗಿ ಒಳಗೆ ಕಪ್ಪುಗಳನ್ನೂ ಬಗಲಿನಲ್ಲಿ ತೆಳುವಾದ ಪ್ಲಾಸ್ಟಿಕ್ ಪಟ್ಟಿಗಳನ್ನೂ ಹೊಲಿಯಲಾಗುತ್ತದೆ. ಜರಿಯ ಹಿಂಬದಿ ಚರ್ಮಕ್ಕೆ ಚುಚ್ಚದಂತೆ ಪೂರ್ತಿ ಅಸ್ತರು ಅಗತ್ಯ.

ದುಪಟ್ಟಾ: ತಲೆಯ ಮೇಲೆ ಹೊದೆಯುವ ಭಾರವಾದ ದುಪಟ್ಟಾ ಕೂದಲನ್ನೂ ಕತ್ತನ್ನೂ ಎಳೆಯುತ್ತದೆ. ಆದ್ದರಿಂದ ತಲೆಗೆ ಹಗುರವಾದ ನೆಟ್ ದುಪಟ್ಟಾ ಬಳಸಿ, ಭಾರವಾದುದನ್ನು ಭುಜದಲ್ಲಿ ಚೋಲಿಗೆ ಭದ್ರಪಡಿಸುವುದುಂಟು. ಪಿನ್ನಿನ ಜಾಗದಲ್ಲಿ ಒಳಗಿನಿಂದ ಬಟ್ಟೆಯ ತುಂಡೊಂದನ್ನು ಒತ್ತುಕೊಟ್ಟರೆ ಚೋಲಿ ಹರಿಯುವುದಿಲ್ಲ.

ಮಿತಿಗಳು

ಜರ್ದೋಸಿಯ ಮೇಲೆ ನೇರವಾಗಿ ಕತ್ತರಿ ಆಡಿಸಿದರೆ ತಂತಿ ಮತ್ತು ಮಣಿಗಳು ಸಡಿಲವಾಗಿ ಕಸೂತಿ ಬಿಚ್ಚಿಕೊಳ್ಳುತ್ತದೆ. ಕತ್ತರಿಸುವುದು ಅನಿವಾರ್ಯವಾದರೆ ಗೆರೆಯ ಎರಡೂ ಬದಿಯ ಕಸೂತಿಯನ್ನು ಮೊದಲು ಕೈಹೊಲಿಗೆಯಿಂದ ಬಿಗಿಪಡಿಸಬೇಕು. ಮಖಮಲ್ ಬಟ್ಟೆಯಲ್ಲಿ ಹಳೆಯ ಹೊಲಿಗೆಯ ಮತ್ತು ಪಿನ್ನಿನ ಗುರುತುಗಳು ಉಳಿಯುತ್ತವೆ. ಹೊಲಿಗೆಯೊಳಗೆ ಹೆಚ್ಚುವರಿ ಬಟ್ಟೆ ಇಲ್ಲದಿದ್ದರೆ ಉಡುಪನ್ನು ಅಗಲಗೊಳಿಸಲು ಹೊಸ ಪಟ್ಟಿಯನ್ನೇ ಸೇರಿಸಬೇಕಾಗುತ್ತದೆ.

ಪರೀಕ್ಷೆ

ಮಾರ್ಪಾಡಿನ ನಂತರ ಕನ್ನಡಿಯ ಮುಂದೆ ನಿಂತು ನೋಡುವುದಷ್ಟೇ ಸಾಲದು. ನೆಲದ ಮೇಲೆ ಕೂತು ಏಳುವುದು, ಮೆಟ್ಟಿಲು ಹತ್ತುವುದು, ಎರಡೂ ಕೈಗಳನ್ನು ಎತ್ತುವುದು ಮತ್ತು ಅರ್ಧ ಗಂಟೆ ತೊಟ್ಟೇ ಇರುವುದು ಸೂಕ್ತ ಪರೀಕ್ಷೆಗಳು. ಹೊಸ ಹೊಲಿಗೆಗಳ ದೌರ್ಬಲ್ಯ ಈ ಹಂತದಲ್ಲಿಯೇ ಗೊತ್ತಾಗುತ್ತದೆ.

ಸುರಕ್ಷತೆ ಮತ್ತು ಆರೋಗ್ಯ

ನೈಲಾನಿನಂತಹ ಕೃತಕ ನೂಲಿನ ನೆಟ್ ಬೆಂಕಿ ತಗುಲಿದರೆ ಕರಗಿ ಚರ್ಮಕ್ಕೆ ಅಂಟಿಕೊಳ್ಳುತ್ತದೆ. ಅಗ್ನಿಪ್ರದಕ್ಷಿಣೆ ಇರುವ ಮದುವೆಗಳಲ್ಲಿ ಘೇರನ್ನು ಮಿತಿಯಲ್ಲಿಡುವುದು, ಹಾರಾಡುವ ದುಪಟ್ಟಾವನ್ನು ಪಿನ್ನಿನಿಂದ ಬಂಧಿಸುವುದು ಮತ್ತು ಪ್ರದಕ್ಷಿಣೆಯ ವೇಳೆ ಅಂಚನ್ನು ಎತ್ತಿ ಹಿಡಿಯಲು ಒಬ್ಬರ ನೆರವು ಪಡೆಯುವುದು ಒಳಿತು.

ಬಿಗಿಯಾದ ಲಾಡಿಯ ದೀರ್ಘಕಾಲದ ಒತ್ತಡ ಚರ್ಮಕ್ಕೆ ಹಾನಿಕರ. ಹಲವು ವರ್ಷಗಳ ಕಾಲ ಉಡುಪನ್ನು ಬಿಗಿಯಾಗಿ ಕಟ್ಟಿದ್ದರಿಂದ ನಡುವಿನಲ್ಲಿ ವಾಸಿಯಾಗದ ಹುಣ್ಣು ಉಂಟಾಗಿ, ಅದು ಚರ್ಮದ ಕ್ಯಾನ್ಸರಿಗೆ ತಿರುಗಿದ ಇಬ್ಬರು ಭಾರತೀಯ ಮಹಿಳೆಯರ ಪ್ರಕರಣಗಳನ್ನು 2024ರಲ್ಲಿ ಬಿಎಂಜೆ ಕೇಸ್ ರಿಪೋರ್ಟ್ಸ್ ವೈದ್ಯಕೀಯ ನಿಯತಕಾಲಿಕೆ ಪ್ರಕಟಿಸಿತು. ಒಂದೆರಡು ದಿನ ತೊಡುವ ಮದುವೆಯ ಉಡುಪಿನಿಂದ ಇಂತಹ ಅಪಾಯವಿಲ್ಲವಾದರೂ, ಅಗಲವಾದ ನಡುಪಟ್ಟಿಯ ಪ್ರಯೋಜನವನ್ನು ಈ ಪ್ರಕರಣಗಳು ಸ್ಪಷ್ಟಪಡಿಸುತ್ತವೆ. ನಿತ್ಯ ಉಡುವ ಲಂಗಗಳಿಗೂ ಇದೇ ತತ್ವ ಅನ್ವಯಿಸುತ್ತದೆ.