ಒಬ್ಬರ ಕಣ್ಣು, ಹಲವು ಎಳೆ

ಕೊಳ್ಳೇಗಾಲದ ಸೀಮೆಯಲ್ಲಿ ರೇಷ್ಮೆಗೂಡಿನಿಂದ ನೂಲು ಬಿಚ್ಚುವುದನ್ನು ನಮ್ಮ ವಾಚಕರಲ್ಲಿ ಹಲವರು ಕಂಡಿರಬಹುದು. ಬಿಸಿನೀರಿನಲ್ಲಿ ತೇಲುವ ಏಳೆಂಟು ಗೂಡುಗಳ ಎಳೆಗಳು ಕೂಡಿ ಒಂದು ನೂಲಾಗುತ್ತದೆ. ಅಂತಹ ಹಲವು ನೂಲುಗಳನ್ನು ಒಬ್ಬರೇ ಏಕಕಾಲದಲ್ಲಿ ನೋಡಿಕೊಳ್ಳುವುದುಂಟು. ರಾಟೆಯನ್ನು ಯಂತ್ರವು ತಿರುಗಿಸೀತು. ಆದರೆ ಯಾವ ಎಳೆ ಮುಗಿಯಿತು, ಯಾವುದು ತುಂಡಾಯಿತು ಎಂದು ಕಾಯುವ ಕಣ್ಣು ಒಂದೇ. ಆ ಕಣ್ಣಿಗೆ ನಿಲುಕುವಷ್ಟು ನೂಲುಗಳನ್ನು ಮಾತ್ರ ಹೂಡಬಹುದು. ಗಣಕಯಂತ್ರದ ಮುಂದೆ ಕುಳಿತವರಿಗೂ ಇಂದು ಇದೇ ಸಮಸ್ಯೆ ಒದಗಿದೆ.

ಬೇಕಾದುದನ್ನು ಆಡುಮಾತಿನಲ್ಲಿ ತಿಳಿಸಿದರೆ ಕಡತಗಳನ್ನು ಓದಿ, ಕ್ರಮವಿಧಿಯನ್ನು ಬರೆದು, ನಡೆಸಿ ನೋಡಿ, ತಪ್ಪನ್ನು ತಿದ್ದಲೆತ್ನಿಸುವ ಕೃತಕ ಬುದ್ಧಿಮತ್ತೆಯ ಏಜೆಂಟುಗಳು ಈಗ ಬಳಕೆಗೆ ಬಂದಿವೆ. ಇವುಗಳಲ್ಲಿ ಹಲವು ಟರ್ಮಿನಲ್‌ನಲ್ಲಿ, ಎಂದರೆ ಅಕ್ಷರಗಳ ಮೂಲಕವೇ ಯಂತ್ರದೊಡನೆ ವ್ಯವಹರಿಸುವ ಕಿಟಕಿಯಲ್ಲಿ, ಕೆಲಸ ಮಾಡುತ್ತವೆ. ಹೀಗೆ ನಡೆಯುವ ಒಂದೊಂದು ಕೆಲಸದ ಸರದಿಗೆ ಸೆಷನ್ ಎಂದು ಹೆಸರು. ಒಂದು ಏಜೆಂಟು ದುಡಿಯುತ್ತಿರುವಾಗ ಎರಡನೆಯದನ್ನೂ ಮೂರನೆಯದನ್ನೂ ಹೂಡುವ ಆಸೆ ಸಹಜವೇ. 1961ರಲ್ಲಿ ಅಮೆರಿಕದ ಎಂ.ಐ.ಟಿ.ಯಲ್ಲಿ ಫರ್ನಾಂಡೊ ಕೊರ್ಬಾಟೊ ಮತ್ತು ಸಂಗಡಿಗರು ಒಂದು ಯಂತ್ರವನ್ನು ಹಲವು ಜನರು ಹಂಚಿಕೊಳ್ಳುವ ಉಪಾಯವನ್ನು ತೋರಿಸಿದರು. ಈಗ ಹಲವು ಯಾಂತ್ರಿಕ ಸಹಾಯಕರು ಒಬ್ಬ ಮನುಷ್ಯನ ಗಮನವನ್ನು ಹಂಚಿಕೊಳ್ಳಬೇಕಾಗಿದೆ.

ಹನೂರಿನ ವಿದ್ಯಾರ್ಥಿನಿಯೊಬ್ಬಳು ರೇಷ್ಮೆಗೂಡಿನ ಬೆಳೆಗಾರರಿಗೆ ಸಲ್ಲಬೇಕಾದ ಹಣವನ್ನು ಲೆಕ್ಕ ಹಾಕುವ ಕ್ರಮವಿಧಿಯನ್ನು ರಚಿಸುತ್ತಿರುವಳೆಂದು ಭಾವಿಸೋಣ. ಒಂದು ಏಜೆಂಟಿಗೆ ತೂಕವನ್ನು ದಾಖಲಿಸುವ ಕೆಲಸ, ಇನ್ನೊಂದಕ್ಕೆ ಹಣವನ್ನು ಎಣಿಸಿ ಕನ್ನಡದಲ್ಲಿ ರಸೀದಿ ಮುದ್ರಿಸುವ ಕೆಲಸ. ಅವಳಿಗೆ ಮೂರು ಅನುಕೂಲಗಳು ಬೇಕು.

ಮೊದಲನೆಯದು, ಸೆಷನ್ನುಗಳು ಬಾಳಬೇಕು. 1987ರ ಸ್ಕ್ರೀನ್, 2007ರ ಟಿಮಕ್ಸ್ ಎಂಬ ಸಾಧನಗಳು ಒಂದೇ ಟರ್ಮಿನಲ್‌ನಲ್ಲಿ ಹಲವು ಸೆಷನ್ನುಗಳನ್ನು ಇರಿಸುತ್ತವೆ. ದೂರದ ಗಣಕದಲ್ಲಿ ಇವುಗಳ ಮೂಲಕ ಕೆಲಸ ಹೂಡಿದ್ದರೆ, ಮಳೆಗಾಳಿಗೆ ಹನೂರಿನಲ್ಲಿ ವಿದ್ಯುತ್ತು ಹೋಗಿ ಸಂಪರ್ಕ ಕಡಿದರೂ ಅಲ್ಲಿ ಕೆಲಸ ಮುಂದುವರಿಯುತ್ತದೆ. ಎರಡನೆಯದು, ಒಂದರ ಬರಹವನ್ನು ಇನ್ನೊಂದು ಅಳಿಸಬಾರದು. ಗಿಟ್ ಎಂಬ ಸಾಧನದಲ್ಲಿ 2015ರಿಂದ ಇರುವ ವರ್ಕ್‌ಟ್ರೀ ಸೌಕರ್ಯವು ಪ್ರತಿಯೊಂದು ಏಜೆಂಟಿಗೂ ಕಡತಗಳ ಬೇರೆ ಪ್ರತಿಯನ್ನು ಒದಗಿಸಬಲ್ಲುದು. ಮೂರನೆಯದು, ಅಪ್ಪಣೆಗಾಗಿ ಕಾದು ನಿಂತಿರುವ ಏಜೆಂಟು ಯಾವುದೆಂದು ಒಡನೆ ತಿಳಿಯಬೇಕು. ಇದಕ್ಕೆ ಗಂಟೆಯನ್ನೋ ಬಣ್ಣದ ಗುರುತನ್ನೋ ಏರ್ಪಡಿಸಬಹುದು.

ಇಷ್ಟಾದರೆ ಸಾಕೆ? ಸಾಲದು. ಮೊದಲನೆಯ ಏಜೆಂಟು 40 ಕಿಲೋ 600 ಗ್ರಾಂ ತೂಕವನ್ನು 40.6 ಎಂದೇ ದಾಖಲಿಸಿತು. ರಸೀದಿಯ ಏಜೆಂಟಾದರೋ ಪೂರ್ಣಾಂಕವನ್ನು ಮಾತ್ರ ಎಣಿಸಿ 40 ಎಂದು ತೆಗೆದುಕೊಂಡಿತು. ಕಿಲೋಗೆ 500 ರೂಪಾಯಿ ದರವಿದ್ದರೆ ಸಲ್ಲಬೇಕಾದುದು 20,300. ರಸೀದಿಯಲ್ಲಿ ಮೂಡುವುದು 20,000. ಕಡತಗಳು ಬೇರೆಬೇರೆಯಾಗಿದ್ದುದರಿಂದ ಅವುಗಳ ನಡುವೆ ಘರ್ಷಣೆಯೇ ಇಲ್ಲ. ಯಂತ್ರವೂ ತಪ್ಪೆಂದು ಕೂಗುವುದಿಲ್ಲ. ಬೆಳೆಗಾರನ ಮುನ್ನೂರು ರೂಪಾಯಿ ಮಾತ್ರ ಸದ್ದಿಲ್ಲದೆ ಹೋಗುತ್ತದೆ.

ಆದುದರಿಂದ ಕೆಲಸ ಹೂಡುವ ಮೊದಲೇ ಎಲ್ಲ ಏಜೆಂಟುಗಳಿಗೂ ಸಾಮಾನ್ಯವಾದ ನಿಯಮವನ್ನು ಬರೆದಿಡಬೇಕು: ತೂಕವನ್ನು ಗ್ರಾಂಗಳಲ್ಲಿಯೇ ಇಡತಕ್ಕದ್ದು, ಎಂಬಂತೆ. ಮುಗಿದ ಕೆಲಸಗಳನ್ನು ಒಂದೊಂದಾಗಿ ಓದಿ ಸೇರಿಸಬೇಕು. ಸೇರಿಸಿದ ಮೇಲೆ, ಕೈಯಿಂದ ಮಾಡಿಟ್ಟ ಲೆಕ್ಕದೊಡನೆ ಫಲವನ್ನು ತಾಳೆ ನೋಡಬೇಕು. ಆ ಲೆಕ್ಕವನ್ನು ತಿದ್ದುವ ಅಧಿಕಾರ ಏಜೆಂಟಿಗೆ ಇರಕೂಡದು.

ಹಾಗಾದರೆ ಒಮ್ಮೆಗೆ ಎಷ್ಟು ಸೆಷನ್ನುಗಳನ್ನು ನಡೆಸಬಹುದು? ಎಷ್ಟರ ಬರಹವನ್ನು ನಾವು ಓದಿ ಅರ್ಥಮಾಡಿಕೊಳ್ಳಬಲ್ಲೆವೋ ಅಷ್ಟು. ಕಿಟಕಿಗಳನ್ನು ಹೆಚ್ಚಿಸುವುದು ಸುಲಭ, ಕಣ್ಣನ್ನು ಹೆಚ್ಚಿಸುವುದು ಕಷ್ಟ. ನೂಲು ಬಿಚ್ಚುವವರು ಇದನ್ನು ಬಹುಕಾಲದಿಂದ ಬಲ್ಲರು.