ನಿಂತ ಕಲ್ಲಿನ ಮಂತ್ರ

ಶಹಾಬಜಾರದ ನಮ್ಮ ಮನೆಗೆ ಕಳೆದ ತಿಂಗಳು ನನ್ನ ವಿದ್ಯಾರ್ಥಿಯೊಬ್ಬನು ತಾನು ಬರೆದ ಕಥೆಯನ್ನು ಹಿಡಿದುಕೊಂಡು ಬಂದನು. ಕಾಡಿನ ನಡುವೆ ಮಾಯಾವಿದ್ಯೆಯ ಗುರುಕುಲ. ಅದರ ಸುತ್ತ ಯಾವುದೋ ಕಾಲದಲ್ಲಿ ಯಾರೋ ನಿಲ್ಲಿಸಿಹೋದ ಕಲ್ಲುಗಳು. ಅವನ್ನು ಮುಟ್ಟಿದ ಶಿಷ್ಯರಿಗೆ ಅಲೌಕಿಕ ಶಕ್ತಿ. ಇದು ಕಥೆಯ ಹಂದರ. ನಾನು ಓದಿ ಮುಗಿಸಿದೊಡನೆ ಕೇಳಿದನು: “ಸರ್, ಇಂಥಾ ಕಲ್ಲು ನಮ್ಮ ಕಡೆ ಎಲ್ಲ್ಯರ ಅದಾವೇನ್ರೀ?”

ಇವೆ ಎಂದೆ. ಕಲ್ಲುಗಳೂ ಇವೆ, ಗುರುಕುಲವೂ ಇತ್ತು. ಅವು ಒಂದೆಡೆಯವಲ್ಲ, ಒಂದು ಕಾಲದವೂ ಅಲ್ಲ ಎಂಬುದಷ್ಟೇ ವ್ಯತ್ಯಾಸ.

ಕಲ್ಲುಗಳಿರುವುದು ಯಾದಗಿರಿ ಜಿಲ್ಲೆಯ ಶಹಾಪುರದ ಬಳಿ, ವಿಭೂತಿಹಳ್ಳಿಯಲ್ಲಿ. ಉಳಿಯ ಪೆಟ್ಟನ್ನೇ ಕಾಣದ ಒರಟು ಗುಂಡುಗಳು ಬಯಲಿನಲ್ಲಿ ಸಾಲುಸಾಲಾಗಿ ಇಡಲ್ಪಟ್ಟಿವೆ. ನಾಲ್ಕು ಮೂಲೆಗೆ ನಾಲ್ಕು, ನಡುವೆ ಒಂದು. ಈ ಲೆಕ್ಕದಲ್ಲಿಯೇ ಚೌಕದ ಪಕ್ಕಕ್ಕೆ ಚೌಕ ಬೆಳೆದಿದೆ. ಸುರಪುರದಲ್ಲಿ ಅಧಿಕಾರಿಯಾಗಿದ್ದ ಮೆಡೋಸ್ ಟೇಲರನು 19ನೆಯ ಶತಮಾನದ ನಡುಭಾಗದಲ್ಲಿ ಈ ಸೀಮೆಯ ಬೃಹತ್‌ಶಿಲೆಗಳನ್ನು ಯೂರೋಪಿನವುಗಳೊಡನೆ ಹೋಲಿಸಿ ಬರೆದನು. 1956ರಲ್ಲಿ ಆಲ್ಚಿನ್ ಎಂಬ ವಿದ್ವಾಂಸರು ಹೈದರಾಬಾದ್ ಸೀಮೆಯ ದಕ್ಷಿಣದ ಇಂಥ ಶಿಲಾಪಂಕ್ತಿಗಳನ್ನು ಕುರಿತು ಲೇಖನವನ್ನೇ ಪ್ರಕಟಿಸಿದರು. ಈಚೆಗೆ ಖಗೋಳ ವಿಜ್ಞಾನಿಗಳು ಈ ಸಾಲುಗಳಿಗೂ ಸೂರ್ಯನ ಉದಯಾಸ್ತಗಳ ದಿಕ್ಕುಗಳಿಗೂ ನಂಟಿರಬಹುದೆಂದು ಸೂಚಿಸಿದ್ದಾರೆ. ಹಾಗಿದ್ದರೆ ಬಿತ್ತನೆಯ ಕಾಲವನ್ನು ಸೂರ್ಯನಿಂದ ತಿಳಿಯುವ ವಿದ್ಯೆಗಿಂತ ದೊಡ್ಡ ಮಾಯೆ ರೈತನಿಗೆ ಇನ್ನಾವುದಿದ್ದೀತು? ಆದರೆ ಈ ಕಲ್ಲುಗಳಲ್ಲಿ ಒಂದಕ್ಷರವೂ ಇಲ್ಲ. ಆ ಪಾಠ ಹೇಳಿದವರ ಹೆಸರು ಅವರೊಡನೆಯೇ ಮಣ್ಣಾಯಿತು. ಅಕ್ಷರವಿಲ್ಲದ ಕಡೆ ಕಥೆ ಹುಟ್ಟುತ್ತದೆ. ಗಂಗಾವತಿಯ ಹತ್ತಿರದ ಹಿರೇಬೆಣಕಲ್ಲಿನಲ್ಲಿ ಇಂಥದೇ ಪ್ರಾಚೀನ ಶಿಲಾಸಮಾಧಿಗಳನ್ನು ಜನ ಮೋರ್ಯರ ಮನೆಗಳೆಂದು ಕರೆಯುತ್ತಾರೆ.

ಅಕ್ಷರವುಳ್ಳ ಕಲ್ಲಿನ ಕಥೆ ಬೇರೆ. ಅದನ್ನು ನೋಡಲು ದೂರ ಹೋಗಬೇಕಾಗಿಲ್ಲ. ನಮ್ಮ ಜಿಲ್ಲೆಯ ಚಿತ್ತಾಪುರದ ಪಕ್ಕದಲ್ಲಿಯೇ ನಾಗಾವಿ ಇದೆ. ಕಲ್ಯಾಣದ ಚಾಲುಕ್ಯರ ಕಾಲದಲ್ಲಿ ಇದು ದೊಡ್ಡ ಘಟಿಕಾಸ್ಥಾನ. ಒಂದನೆಯ ಸೋಮೇಶ್ವರನ ಆಳ್ವಿಕೆಯ 1058ರ ಶಾಸನವು ಇಲ್ಲಿಯ ಏರ್ಪಾಟನ್ನು ವಿವರವಾಗಿ ಹೇಳುತ್ತದೆ: ವೇದ ಓದುವವರು 200 ಮಂದಿ, ಶಾಸ್ತ್ರ ಓದುವವರು 50 ಮಂದಿ, ವೇದಕ್ಕೆ ಮೂವರು ಗುರುಗಳು, ಶಾಸ್ತ್ರಕ್ಕೆ ಮೂವರು, ಇವರಲ್ಲದೆ ಪುಸ್ತಕಗಳನ್ನು ಕಾಯಲು ಆರು ಮಂದಿ ಸರಸ್ವತೀ ಭಂಡಾರಿಗರು. ಗುರುಗಳು ಎಷ್ಟೋ, ಪುಸ್ತಕ ಕಾಯುವವರೂ ಅಷ್ಟೇ! ಇಂದಿನ ಯಾವ ಕಾಲೇಜು ಈ ಮಾತನ್ನು ಹೇಳಿಕೊಂಡೀತು?

ಆ ಭಂಡಾರದ ಓಲೆಗಳು ಇಂದಿಲ್ಲ. ಉಳಿದಿರುವುದು ಅರವತ್ತು ಕಂಬದ ಗುಡಿ ಮತ್ತು ಶಾಸನಗಳು. ಆ ಶಾಸನಗಳೇ ಈ ವಿದ್ಯಾಲಯದ ಬಲವಾಗಿದ್ದವೆಂಬುದನ್ನು ನನ್ನ ಶಿಷ್ಯನಿಗೆ ತಿಳಿಸಿದೆನು. ಗುರುವಿನ ಅನ್ನ, ಶಿಷ್ಯನ ಬಟ್ಟೆ, ದೀಪದ ಎಣ್ಣೆ ಎಲ್ಲವೂ ದಾನದ ಭೂಮಿಯಿಂದ ಬರಬೇಕು. ಆ ಭೂಮಿ ಯಾರದೆಂದು ಸಾರುವುದು ಕಲ್ಲು. ಇಂಥ ದಾನಶಾಸನಗಳ ನೆತ್ತಿಯ ಮೇಲೆ ಸೂರ್ಯಚಂದ್ರರನ್ನೂ ಕರುವಿಗೆ ಹಾಲೂಡುವ ಹಸುವನ್ನೂ ಕೆತ್ತುವುದು ವಾಡಿಕೆ. ಕೊನೆಯಲ್ಲಿ ಶಾಪಾಶಯವಿರುತ್ತದೆ: ಕಾಪಾಡಿದವನಿಗೆ ವಾರಣಾಸಿಯಲ್ಲಿ ಕವಿಲೆಗಳನ್ನು ದಾನವಿತ್ತ ಪುಣ್ಯ, ಅಳಿದವನಿಗೆ ಅಲ್ಲಿಯೇ ಅವುಗಳನ್ನು ಕೊಂದ ಪಾಪ. ಇದೇ ಮಂತ್ರ. ಕಾವಲುಗಾರನಿಲ್ಲದ ಹೊಲವನ್ನು ಈ ನಾಲ್ಕು ಸಾಲು ಕಾಯುತ್ತಿದ್ದವು.

ಆದರೆ ಈ ಮಂತ್ರಕ್ಕೊಂದು ಮಿತಿಯುಂಟು. ಓದಬಲ್ಲವನು ಊರಿನಲ್ಲಿ ಇರುವತನಕ ಮಾತ್ರ ಅದು ಫಲಿಸುತ್ತದೆ. ಓದು ನಿಂತಂದು ಶಾಪವೂ ಮೂಕವಾಗುತ್ತದೆ; ಶಾಸನವು ಬಟ್ಟೆ ಒಗೆಯುವ ಬಂಡೆಯಾಗುತ್ತದೆ, ಹೊಸ್ತಿಲಿನ ಮುಂದಿನ ಮೆಟ್ಟಿಲಾಗುತ್ತದೆ. ಮನೆಯ ನೆಲಕ್ಕೆಲ್ಲ ಶಹಾಬಾದದ ಪರಸಿ ಹಾಸುವ ನಮ್ಮ ಸೀಮೆಯಲ್ಲಿ ಕಲ್ಲೆಂದರೆ ಕಾಲ ಕೆಳಗಿನ ವಸ್ತುವೇ ತಾನೆ!

ಅನ್ಯರನ್ನು ದೂರಿ ಪ್ರಯೋಜನವಿಲ್ಲ. ಮರು ರವಿವಾರ ನಾವಿಬ್ಬರೂ ನಾಗಾವಿಗೆ ಹೋದೆವು. ವರ್ಷಗಟ್ಟಲೆ ಶಾಸನಗಳನ್ನು ಪಾಠ ಹೇಳಿದವನು ನಾನು; ಅಚ್ಚಾದ ಪುಸ್ತಕದಲ್ಲಿ, ಇಂದಿನ ಲಿಪಿಯಲ್ಲಿ. ಬಿಸಿಲಿನಲ್ಲಿ ನಿಂತ ಶಾಸನದ ಮುಂದೆ ಹುಡುಗನು, “ಓದ್ರೀ ಸರ್” ಎಂದನು. ಮೊದಲ ಸಾಲಿನಲ್ಲಿ ಅಲ್ಲೊಂದು ಇಲ್ಲೊಂದು ಅಕ್ಷರವನ್ನು ಗುರುತಿಸಿದೆ. ಎರಡನೆಯ ಸಾಲಿಗೆ ನಿಂತುಬಿಟ್ಟೆ. ಎಂ.ಎ. ಪದವಿ ಬೆವರಾಗಿ ಇಳಿಯಿತು. ಆರು ಮಂದಿ ಭಂಡಾರಿಗರು ಕಾಯ್ದ ಊರಿನಲ್ಲಿ ಕನ್ನಡದ ಅಧ್ಯಾಪಕನೇ ಕನ್ನಡಕ್ಕೆ ಅಪರಿಚಿತನಾಗಿ ನಿಂತಿದ್ದೆ.

ಹುಡುಗನು ನಗಲಿಲ್ಲ. ಬೆರಳಿನಿಂದ ಒಂದು ಅಕ್ಷರದ ತಿರುವನ್ನು ಮೆಲ್ಲನೆ ಸವರಿ, “ಇದು ‘ಗ’ ಇದ್ದಂಗ ಅದರೀ” ಎಂದನು. ನೋಡಿದೆ, ‘ಗ’ಕಾರವೇ ಹೌದು.

ಈಗ ನನ್ನ ಮೇಜಿನ ಮೇಲೆ ಹಳೆಯ ಲಿಪಿಯ ಪಟವೊಂದಿದೆ. ರವಿವಾರ ಬೆಳಗ್ಗೆ ಹುಡುಗನು ಬರುತ್ತಾನೆ. ಇಬ್ಬರೂ ಕೂತು ತಿದ್ದುತ್ತೇವೆ. ಕಥೆಯನ್ನು ಅವನು ಇನ್ನೂ ಮುಗಿಸಿಲ್ಲ. ಕಲ್ಲು ಮುಟ್ಟಿದೊಡನೆ ಶಕ್ತಿ ಬರುತ್ತಿದ್ದ ಭಾಗವನ್ನು ಮಾತ್ರ ತಾನಾಗಿಯೇ ಹೊಡೆದುಹಾಕಿದ್ದಾನೆ.