ನಾಲ್ಕು ಭಾಷೆಗಳ ಸರೋಜಾದೇವಿ

ನಿಮ್ಮ ಮಗುವಿನ ಕನ್ನಡದಲ್ಲಿ ಇಂಗ್ಲಿಷ್ ಧಾಟಿ ನುಸುಳುತ್ತದೆಯೇ? ಊರಿಗೆ ಹೋದಾಗ ಯಾರಾದರೂ ನಕ್ಕಾರೆಂದು ಮಾತಾಡಲು ಹಿಂಜರಿಯುತ್ತದೆಯೇ? ಹಾಗಿದ್ದರೆ ಬಿ. ಸರೋಜಾದೇವಿಯವರ ಕಥೆ ಹೇಳಿ.

1938ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಅವರು 1955ರ ‘ಮಹಾಕವಿ ಕಾಳಿದಾಸ’ದಿಂದ ಹೆಸರಾದರು. 1958ರಲ್ಲಿ ಎಂಜಿಆರ್ ಜೊತೆಗಿನ ‘ನಾಡೋಡಿ ಮನ್ನನ್’ ಅವರನ್ನು ತಮಿಳುನಾಡಿನ ಮನೆಮಾತಾಗಿಸಿತು. ಮರುವರ್ಷ ಹಿಂದಿಯ ‘ಪೈಗಾಮ್’ನಲ್ಲಿ ದಿಲೀಪ್ ಕುಮಾರ್ ಜೊತೆ ನಟಿಸಿದರು. ತೆಲುಗಿನಲ್ಲಿ ಎನ್.ಟಿ. ರಾಮರಾವ್ ಅವರಿಗೆ ನಾಯಕಿಯಾದರು.

ಅವರ ತಮಿಳಿನಲ್ಲಿ ಕನ್ನಡದ ಧಾಟಿ ಎದ್ದು ಕೇಳಿಸುತ್ತಿತ್ತು. ಅದನ್ನೇ ಮೆಚ್ಚಿಕೊಂಡ ತಮಿಳರು ಅವರಿಗೆ ‘ಕನ್ನಡತ್ತು ಪೈಂಗಿಳಿ’, ಅಂದರೆ ಕನ್ನಡದ ಗಿಳಿ ಎಂದು ಹೆಸರಿಟ್ಟರು.

ಬೇರೆ ಭಾಷೆಗಳಲ್ಲಿ ಬಿಡುವಿಲ್ಲದಿದ್ದರೂ ಅವರು ಕನ್ನಡ ಬಿಡಲಿಲ್ಲ. 1961ರಲ್ಲಿ ಕಿತ್ತೂರಿನ ರಾಣಿ ಚೆನ್ನಮ್ಮ, 1969ರಲ್ಲಿ ಪುಟ್ಟಣ್ಣ ಕಣಗಾಲರ ‘ಮಲ್ಲಮ್ಮನ ಪವಾಡ’ದ ದಿಟ್ಟ ಸೊಸೆ, 1977ರ ‘ಬಭ್ರುವಾಹನ’ದಲ್ಲಿ ಚಿತ್ರಾಂಗದೆ: ಒಂದು ಪಾತ್ರದಂತೆ ಇನ್ನೊಂದಿಲ್ಲ. ಕನ್ನಡಿಗರು ‘ಅಭಿನಯ ಸರಸ್ವತಿ’ ಎಂದದ್ದು ಸುಮ್ಮನಲ್ಲ. 1969ರಲ್ಲಿ ಪದ್ಮಶ್ರೀ, 1992ರಲ್ಲಿ ಪದ್ಮಭೂಷಣ ಬಂದವು. 2025ರ ಜುಲೈ 14ರಂದು ತಮ್ಮ 87ನೇ ವಯಸ್ಸಿನಲ್ಲಿ ಅವರು ಬೆಂಗಳೂರಿನಲ್ಲೇ ತೀರಿಕೊಂಡರು.

ಈ ವಾರಾಂತ್ಯ ‘ಕಿತ್ತೂರು ಚೆನ್ನಮ್ಮ’ ಹಾಕಿ. ಕಪ್ಪುಬಿಳುಪು ಚಿತ್ರ ಎಂದು ಮಕ್ಕಳು ಮೂಗುಮುರಿದರೆ, ಕಪ್ಪ ಕೇಳಿದ ಬ್ರಿಟಿಷರಿಗೆ ರಾಣಿ ಸವಾಲೆಸೆಯುವ ದೃಶ್ಯವೊಂದೇ ಸಾಕು. ‘ಕಪ್ಪ’ ಎಂದರೇನೆಂದು ಮೊದಲೇ ತಿಳಿಸಿ. ಆಮೇಲೆ ರಾಣಿಯ ಮಾತುಗಳನ್ನು ಅವರ ಬಾಯಲ್ಲೇ ಜೋರಾಗಿ ಹೇಳಿಸಿ. ನಡುವೆ ತಿದ್ದಲು ಹೋಗಬೇಡಿ. ಧಾಟಿ ಹೇಗಾದರೂ ಇರಲಿ, ಮಾತು ಕನ್ನಡದ್ದಾಗಿರಲಿ.